ಅರ್ಧ ನಿಮಿಷ ತಡವಾದ ಪ್ರಾರ್ಥನೆ

ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿ ಪ್ರದೇಶದಲ್ಲಿ ಫುಟ್‌ಬಾಲ್ ಎಂದರೆ ಮೊದಲು ನೆನಪಾಗುವುದು ಅಮೆರಿಕನ್ ಫುಟ್‌ಬಾಲ್, ಅದರಲ್ಲೂ ಫಾರ್ಟಿನೈನರ್ಸ್ ತಂಡ. ಹೆಸರಿನಲ್ಲಿ ಸ್ಯಾನ್ ಫ್ರಾನ್ಸಿಸ್ಕೊ ಇದ್ದರೂ 2014ರಿಂದ ಅದರ ಮನೆಯಂಗಳ ಸಾಂಟಾ ಕ್ಲಾರಾದ ಲೀವೈಸ್ ಸ್ಟೇಡಿಯಂ. ಆಟದ ಋತು ಗಣೇಶನ ಹಬ್ಬದ ಆಸುಪಾಸಿನಲ್ಲಿ ಶುರುವಾಗಿ ಸಂಕ್ರಾಂತಿಯ ಹೊತ್ತಿಗೆ ನಾಕೌಟ್ ಹಂತಕ್ಕೆ ಬರುತ್ತದೆ. ಹೆಚ್ಚಿನ ಪಂದ್ಯಗಳು ಭಾನುವಾರ. ಲಿವರ್‌ಮೋರಿನ ಶಿವ-ವಿಷ್ಣು ದೇವಸ್ಥಾನಕ್ಕೆ ಹೋಗುವುದೂ ಕನ್ನಡ ಕೂಟದ ಕಾರ್ಯಕ್ರಮಗಳೂ ಬಹುಪಾಲು ವಾರದ ಕೊನೆಗೇ ಬೀಳುವುದರಿಂದ, ಟೀವಿಯ ಮುಂದೆ ಕೂರಲಾಗದ ಅಭಿಮಾನಿಗೆ ಉಳಿಯುವುದು ಜೇಬಿನ ಫೋನು, ಒಂದು ಕಿವಿಯ ಇಯರ್‌ಫೋನು. ಹೀಗೆ ಕೇಳುವ ಪಂದ್ಯ ಒಂದು ಹಳೆಯ ತಾತ್ತ್ವಿಕ ಪ್ರಶ್ನೆಯನ್ನು ಹೊಸದಾಗಿ ಎಬ್ಬಿಸುತ್ತದೆ: ನಡೆದು ಮುಗಿದಿರುವ, ಆದರೆ ತನಗಿನ್ನೂ ತಿಳಿಯದ ಸಂಗತಿಗಾಗಿ ದೇವರನ್ನು ಬೇಡಿಕೊಳ್ಳಬಹುದೇ?

ಪ್ರಶ್ನೆ ಹುಟ್ಟುವುದು ಒಂದು ತಾಂತ್ರಿಕ ಕಾರಣದಿಂದ. ರೇಡಿಯೊ ಪ್ರಸಾರಕ್ಕೆ ಈ ಸೀಮೆ ತವರು ಎಂದರೂ ನಡೆಯುತ್ತದೆ. ಚಾರ್ಲ್ಸ್ ಹೆರಾಲ್ಡ್ 1909ರಲ್ಲಿ ಸ್ಯಾನ್ ಹೋಸೆಯಿಂದ ಪ್ರಸಾರ ಶುರುಮಾಡಿದ. ಅದೇ ಮುಂದೆ ಕೆಸಿಬಿಎಸ್ ಎಂಬ ಕೇಂದ್ರವಾಯಿತು. ಫಾರ್ಟಿನೈನರ್ಸ್ ಪಂದ್ಯಗಳನ್ನು ಬಿತ್ತರಿಸುವ ಕೆಎನ್‌ಬಿಆರ್ ಕೇಂದ್ರದ 680 ಕಿಲೊಹರ್ಟ್ಸ್ ಅಲೆ ಬೆಳಕಿನ ವೇಗದಲ್ಲಿ ಹೋಗುತ್ತದೆ. ಕೊಲ್ಲಿಯ ಈ ದಡದಿಂದ ಆ ದಡಕ್ಕೆ ಅದಕ್ಕೆ ಸೆಕೆಂಡಿನ ಸಾವಿರದ ಒಂದು ಪಾಲೂ ಬೇಡ. ಫೋನಿನಲ್ಲಿ ಬರುವ ದನಿಯ ಕಥೆ ಬೇರೆ. ಇಂಟರ್ನೆಟ್ಟಿನ ಮೂಲಕ ಬರುವ ನೇರ ಪ್ರಸಾರವನ್ನು ಸಣ್ಣ ಸಣ್ಣ ತುಂಡುಗಳಾಗಿ ಕತ್ತರಿಸಿ ಒಂದರ ಹಿಂದೊಂದು ಕಳಿಸಲಾಗುತ್ತದೆ. ಇದಕ್ಕೆ ವ್ಯಾಪಕವಾಗಿ ಬಳಕೆಯಲ್ಲಿರುವ ಎಚ್‌ಎಲ್‌ಎಸ್ ಪದ್ಧತಿಯನ್ನು ಆಪಲ್ ಕಂಪನಿ 2009ರಲ್ಲಿ ಹೊರತಂದಿತು. ಆ ಕಂಪನಿಯ ಕ್ಯೂಪರ್ಟಿನೊ ಊರು ಸಾಂಟಾ ಕ್ಲಾರಾಕ್ಕೆ ತಾಗಿಕೊಂಡೇ ಇದೆ. ಮೊದಲಿಗೆ ತುಂಡೊಂದರ ಉದ್ದ 10 ಸೆಕೆಂಡ್ ಇರಲಿ ಎಂದು ಕಂಪನಿ ಸೂಚಿಸುತ್ತಿತ್ತು, ಆಮೇಲೆ ಅದನ್ನು 6ಕ್ಕೆ ಇಳಿಸಿತು. ನೆಟ್‌ವರ್ಕ್ ಕುಂಟಿದರೂ ದನಿ ಕಡಿಯದಿರಲೆಂದು ಫೋನು ಸಾಮಾನ್ಯವಾಗಿ ಮೂರು ತುಂಡುಗಳಷ್ಟು ಹಿಂದೆ ನಿಂತು ನುಡಿಸತೊಡಗುತ್ತದೆ. ನಡುವಿನ ಇತರ ವಿಳಂಬಗಳೂ ಸೇರಿ ಅರ್ಧ ನಿಮಿಷ ತಡವಾಗುವುದು ಹೊಸದಲ್ಲ. 2022ರಲ್ಲಿ ಈ ಪಂದ್ಯಗಳನ್ನು ನಡೆಸುವ ಎನ್‌ಎಫ್‌ಎಲ್ ಸಂಸ್ಥೆ ತನ್ನ ಚಂದಾ ಸೇವೆಯಲ್ಲಿ ಎಲ್ಲ ಪಂದ್ಯಗಳ ಧ್ವನಿಪ್ರಸಾರವನ್ನೂ ಫೋನಿಗೆ ತಂದ ಮೇಲೆ ಹೀಗೆ ಹಿಂದೆ ಉಳಿದು ಕೇಳುವುದು ಇನ್ನಷ್ಟು ಸುಲಭವಾಯಿತು.

ತಡ ಎಂಬುದು ಫೋನೊಂದರದೇ ದೋಷವಲ್ಲ. ಕ್ರೀಡಾಂಗಣದ ತುದಿಯ ಸಾಲಿನಲ್ಲಿ, ಆಟದಿಂದ 150 ಮೀಟರು ದೂರ ಕೂತವನಿಗೆ ಚೆಂಡನ್ನು ಒದ್ದ ಸದ್ದು ಕೇಳುವುದು ಸುಮಾರು ಅರ್ಧ ಸೆಕೆಂಡ್ ಆದ ಮೇಲೆ. ಬೌದ್ಧರಲ್ಲಿ ಸೌತ್ರಾಂತಿಕರು ಇನ್ನೂ ಮುಂದೆ ಹೋಗಿ, ಎಲ್ಲವೂ ಕ್ಷಣಿಕವಾದ್ದರಿಂದ ಅರಿವು ಹುಟ್ಟುವಷ್ಟರಲ್ಲಿ ಅದಕ್ಕೆ ಕಾರಣವಾದ ವಸ್ತು ಇಲ್ಲವಾಗಿರುತ್ತದೆ, ಹೊರಗಿನ ಜಗತ್ತನ್ನು ಊಹಿಸಬಹುದೇ ಹೊರತು ನೇರವಾಗಿ ಹಿಡಿಯಲಾಗದು ಎಂದರು. ವಿಲಿಯಂ ಜೇಮ್ಸ್ 1890ರ ತನ್ನ ಮನಶ್ಶಾಸ್ತ್ರದ ಗ್ರಂಥದಲ್ಲಿ, ಅನುಭವಕ್ಕೆ ಬರುವ ವರ್ತಮಾನ ಒಂದು ಬಿಂದುವಲ್ಲ, ಕೆಲವು ಸೆಕೆಂಡುಗಳ ಅಗಲವಿರುವ ಹರವು ಎಂದು ವಾದಿಸಿದ. ಕನ್ನಡ ನೆಲದಲ್ಲಿ ಬೆಳೆದ ಮಧ್ವ ಪರಂಪರೆಯ ಉತ್ತರ ಬೇರೆ ಬಗೆಯದು. ಮಳಖೇಡದ ಜಯತೀರ್ಥರೂ ವಿಜಯನಗರದ ವ್ಯಾಸರಾಯರೂ ಬೆಳೆಸಿದ ಆ ದರ್ಶನದಲ್ಲಿ ಕಾಲವನ್ನು ಗ್ರಹಿಸುವುದು ಕಣ್ಣು ಕಿವಿಗಳಲ್ಲ, ಸಾಕ್ಷಿ. ಆತ್ಮಕ್ಕೆ ಸಹಜವಾದ ಈ ಸಾಕ್ಷಿಗೆ ಕಾಲವೆಂಬುದು ನೇರ ಅನುಭವ. ಫೋನು ಕೇಳುವವನ ಸಾಕ್ಷಿಗೆ ಸಿಗುವ ‘ಈಗ’ ಸುಳ್ಳಲ್ಲ. ಆ ‘ಈಗ’ಕ್ಕೆ ಯಾವ ಆಟವನ್ನು ಜೋಡಿಸಿಕೊಳ್ಳುತ್ತಾನೆ ಎಂಬಲ್ಲಿ ಎಡವುವ ಸಂಭವವಿದೆ.

ಜೋಡಣೆಯೆಲ್ಲ ಇನ್ನೊಬ್ಬನ ಮಾತಿನ ಮೇಲೆ ನಿಂತಿದೆ. ಟೀವಿ ನೋಡುವವನಿಗೆ ಅಷ್ಟೋ ಇಷ್ಟೋ ಪ್ರತ್ಯಕ್ಷವಿದೆ, ಕೇಳುವವನಿಗಿರುವುದು ಶಬ್ದ ಪ್ರಮಾಣ ಮಾತ್ರ. ನ್ಯಾಯದರ್ಶನ ಶಬ್ದವನ್ನು ಸ್ವತಂತ್ರ ಪ್ರಮಾಣವೆಂದು ಒಪ್ಪುತ್ತದೆ. ವೈಶೇಷಿಕರು ಅದನ್ನು ಅನುಮಾನದೊಳಗೆ ಸೇರಿಸುತ್ತಾರೆ. ಮಾತು ನಂಬಿಕೆಗೆ ಅರ್ಹವಾಗಬೇಕಾದರೆ ಆಡುವವನು ಆಪ್ತನಾಗಿರಬೇಕು. ವಿಷಯವನ್ನು ತಾನೇ ಕಂಡು ತಿಳಿದು, ಕಂಡಂತೆ ತಿಳಿಸುವ ಇಚ್ಛೆಯುಳ್ಳವನೇ ಆಪ್ತ; ಋಷಿಗೂ ಆರ್ಯನಿಗೂ ಮ್ಲೇಚ್ಛನಿಗೂ ಈ ಲಕ್ಷಣ ಒಂದೇ ಎಂದು ವಾತ್ಸ್ಯಾಯನ ತನ್ನ ಭಾಷ್ಯದಲ್ಲಿ ಬರೆದ. ಇಷ್ಟು ಉದಾರವಾದ ಲಕ್ಷಣದೊಳಗೆ ಫುಟ್‌ಬಾಲಿನ ವೀಕ್ಷಕ ವಿವರಣೆಗಾರನಿಗೂ ಜಾಗವಿದೆ.

ಆದರೆ ಕಣ್ಣಾರೆ ಕಂಡವನಿಗೇ ಏನಾಯಿತೆಂದು ತಿಳಿಯದಿದ್ದರೆ? ಬರ್ಕ್‌ಲಿಯ ಮೆಮೋರಿಯಲ್ ಸ್ಟೇಡಿಯಂನಲ್ಲಿ 1982ರ ನವೆಂಬರ್ 20ರಂದು ನಡೆದದ್ದು ಹಾಗೆ. ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಮೇಲೆ ಸ್ಟ್ಯಾನ್‌ಫರ್ಡ್ 20-19ರಿಂದ ಮುಂದಿತ್ತು, ಉಳಿದದ್ದು 4 ಸೆಕೆಂಡ್. ಸ್ಟ್ಯಾನ್‌ಫರ್ಡ್ ಒದ್ದ ಚೆಂಡನ್ನು ಹಿಡಿದ ಬರ್ಕ್‌ಲಿಯ ಆಟಗಾರರು ಐದು ಸಲ ಕೈಯಿಂದ ಕೈಗೆ ದಾಟಿಸುತ್ತ ಓಡಿದರು. ಆಟ ಮುಗಿಯಿತೆಂದುಕೊಂಡ ಸ್ಟ್ಯಾನ್‌ಫರ್ಡಿನ ವಾದ್ಯವೃಂದ ಆಗಲೇ ಮೈದಾನಕ್ಕೆ ನುಗ್ಗಿತ್ತು. ಅದರ ನಡುವೆಯೇ ತೂರಿಕೊಂಡು ಕೆವಿನ್ ಮೋಯೆನ್ ಗಡಿ ದಾಟಿದ. ರೇಡಿಯೊದಲ್ಲಿ ವಿವರಿಸುತ್ತಿದ್ದ ಜೋ ಸ್ಟಾರ್ಕಿಯ ದನಿ ಆ ಹೊತ್ತಿನಲ್ಲಿ ಹೇಳಿದ್ದರ ಜೊತೆಗೆ ಶಂಕಿಸಿದ್ದೂ ಉಂಟು: ಓಟ ಲೆಕ್ಕಕ್ಕೆ ಬರುತ್ತದೋ ಇಲ್ಲವೋ ಎಂಬ ಅನಿಶ್ಚಯ ಕೇಳುಗರಿಗೂ ಹಾಗೇ ಮುಟ್ಟಿತು. ತೀರ್ಪುಗಾರರು ಸೇರಿ ಮಾತಾಡಿಕೊಂಡು ಓಟ ಸಿಂಧು, ಟಚ್‌ಡೌನ್ ಎಂದ ಮೇಲಷ್ಟೇ ಅಂಕ 25-20 ಆಯಿತು. ನಡುವೆ ಒಬ್ಬ ಆಟಗಾರನ ಮಂಡಿ ನೆಲಕ್ಕೆ ತಾಗಿತ್ತೇ ಎಂಬ ತಕರಾರು ಇಂದಿಗೂ ನಿಂತಿಲ್ಲ. ‘ಗೊತ್ತಿಲ್ಲ’ ಎಂಬುದನ್ನೂ ಇದ್ದಂತೆ ತಿಳಿಸಿದ ಆ ಗಳಿಗೆಯಲ್ಲಿ ಸ್ಟಾರ್ಕಿ ಆಪ್ತನ ಲಕ್ಷಣಕ್ಕೆ ಹತ್ತಿರವಿದ್ದ, ಗೆಲುವನ್ನು ಸಾರಿದಾಗಿನದಕ್ಕಿಂತ ಹೆಚ್ಚೇ.

ತೀರ್ಪುಗಾರರು ಗುಂಪುಗೂಡಿ ನಿಂತಿದ್ದಾಗ ಯಾರಾದರೂ ದೇವರನ್ನು ನೆನೆದಿದ್ದರೆ ಅದು ಎರಡು ತುದಿಯ ಪ್ರಾರ್ಥನೆ: ಓಟ ಮುಗಿದಿತ್ತು, ತೀರ್ಪು ಬಂದಿರಲಿಲ್ಲ. ಫೋನಿನ ತಡ ಈ ಎರಡನೆಯ ತುದಿಯನ್ನೂ ಕತ್ತರಿಸಿ ಹಾಕುತ್ತದೆ. 2022ರ ಜನವರಿ 22ರಂದು ಗ್ರೀನ್ ಬೇಯ ಹಿಮದಲ್ಲಿ 10-10 ಸಮವಾಗಿದ್ದ ಪಂದ್ಯದ ಕೊನೆಯ ಕ್ಷಣದಲ್ಲಿ ಫಾರ್ಟಿನೈನರ್ಸ್‌ನ ರಾಬಿ ಗೂಲ್ಡ್ 45 ಗಜ ದೂರದಿಂದ ಚೆಂಡನ್ನು ಎರಡು ಕಂಬಗಳ ನಡುವೆ ಒದ್ದು ಮೂರು ಅಂಕ ತಂದ. ಗಾಳಿಯಲ್ಲಿ ಚೆಂಡು ಇರುವುದು ಕೆಲವೇ ಸೆಕೆಂಡ್. ಅರ್ಧ ನಿಮಿಷ ಹಿಂದಿದ್ದ ಫೋನಿನಲ್ಲಿ ‘ಒದೆಯಲು ಸಿದ್ಧನಾಗಿದ್ದಾನೆ’ ಎಂಬುದನ್ನು ಕೇಳಿ ‘ದೇವರೇ, ದಾಟಲಿ’ ಎನ್ನುವ ಹೊತ್ತಿಗೆ ಚೆಂಡು ಆಗಲೇ ದಾಟಿ ಬಿದ್ದಿತ್ತು.

ಯಹೂದಿಗಳ ಮಿಶ್ನಾ ಇಂಥ ಪ್ರಾರ್ಥನೆಯನ್ನು ನೇರವಾಗಿ ಎತ್ತಿಕೊಂಡಿದೆ. ಸುಮಾರು ಕ್ರಿ.ಶ. 200ರಲ್ಲಿ ಸಂಕಲಿತವಾದ ಆ ಗ್ರಂಥದ ಬೆರಾಖೋತ್ ಭಾಗದ ಪ್ರಕಾರ ಆಗಿಹೋದದ್ದಕ್ಕಾಗಿ ಮೊರೆಯಿಡುವುದು ವ್ಯರ್ಥ ಪ್ರಾರ್ಥನೆ. ಉದಾಹರಣೆ ಎರಡು. ಹೆಂಡತಿ ಬಸುರಿಯಾದ ಮೇಲೆ ಗಂಡುಮಗುವಾಗಲೆಂದು ಬೇಡುವುದು ಒಂದು. ಊರಿಗೆ ಮರಳುವ ದಾರಿಯಲ್ಲಿ ಗೋಳು ಕೇಳಿ, ಅದು ತನ್ನ ಮನೆಯದಾಗದಿರಲಿ ಎನ್ನುವುದು ಇನ್ನೊಂದು. ಎರಡನೆಯದಂತೂ ಕಿವಿಯ ಪ್ರಕರಣವೇ: ದನಿ ಬಂದಿದೆ, ವಿಷಯ ತೀರ್ಮಾನವಾಗಿದೆ, ಯಾರ ಪಾಲಿಗೆ ಎಂಬುದಷ್ಟೇ ತಿಳಿಯಬೇಕು. ಮಿಶ್ನಾವನ್ನು ವಿವರಿಸುವ ತಾಲ್ಮುದಿನ ಪಂಡಿತರು ಮೊದಲನೆಯ ಉದಾಹರಣೆಯನ್ನು ಸ್ವಲ್ಪ ಸಡಿಲಿಸಿ, ಗರ್ಭದ ಮೊದಲ ನಲವತ್ತು ದಿನಗಳಲ್ಲಿ ಬೇಡಬಹುದು ಎಂದರು. ಆವರೆಗೆ ಶಿಶುವಿನ ಲಿಂಗ ನಿಶ್ಚಯವಾಗಿರುವುದಿಲ್ಲ ಎಂಬುದು ಅಂದಿನ ತಿಳಿವಳಿಕೆ. ತತ್ತ್ವ ಮಾತ್ರ ಬದಲಾಗಲಿಲ್ಲ. ಸಂಗತಿ ತೆರೆದಿದ್ದರೆ ಬೇಡು, ಮುಚ್ಚಿದ್ದರೆ ಬೇಡಬೇಡ.

ಇದಕ್ಕೆ ಎದುರಾಗಿ ನಿಂತ ಪ್ರಸಿದ್ಧ ವಾದ ಆಕ್ಸ್‌ಫರ್ಡಿನ ತತ್ತ್ವಜ್ಞ ಮೈಕೇಲ್ ಡಮ್ಮೆಟ್‌ನದು. 1964ರ ಲೇಖನವೊಂದರಲ್ಲಿ ಅವನು ಕೊಡುವ ನಿದರ್ಶನ: ಮಗ ಹೋಗುತ್ತಿದ್ದ ಹಡಗು ಕೆಲವು ಗಂಟೆಗಳ ಹಿಂದೆ ಮುಳುಗಿತು, ಬದುಕಿದವರು ಕೆಲವರೇ ಎಂದು ರೇಡಿಯೊದಲ್ಲಿ ಕೇಳಿದ ತಂದೆ, ಮಗ ಮುಳುಗಿರದಿರಲಿ ಎಂದು ಪ್ರಾರ್ಥಿಸುತ್ತಾನೆ. ಆದದ್ದನ್ನು ಆಗದಂತೆ ಮಾಡು ಎಂದು ಅವನು ಕೇಳುತ್ತಿಲ್ಲ. ಆಗ, ಆ ಗಳಿಗೆಯಲ್ಲೇ, ನೀನು ಕಾಪಾಡಿರು ಎನ್ನುತ್ತಿದ್ದಾನೆ. ಈ ಪ್ರಾರ್ಥನೆ ಬರಲಿದೆಯೆಂದು ಸರ್ವಜ್ಞನಾದ ದೇವರಿಗೆ ಮೊದಲೇ ತಿಳಿದಿರುವುದರಿಂದ ಮಾತಿನಲ್ಲಿ ವಿರೋಧವೇನೂ ಇಲ್ಲ. ಲೇಖಕ ಸಿ. ಎಸ್. ಲೂಯಿಸ್ 1947ರಲ್ಲೇ ಹೆಚ್ಚುಕಡಿಮೆ ಇದನ್ನು ಹೇಳಿ ಒಂದು ಷರತ್ತು ಸೇರಿಸಿದ್ದ: ಏನಾಯಿತೆಂದು ತಿಳಿದ ಮೇಲೆ ಅದಕ್ಕೆ ವಿರುದ್ಧವಾಗಿ ಬೇಡುವಂತಿಲ್ಲ, ದೇವರ ಸಂಕಲ್ಪ ಯಾವುದೆಂದು ಆಗ ಗೊತ್ತಾಗಿಬಿಟ್ಟಿರುತ್ತದೆ. ಇಬ್ಬರ ಬೆನ್ನ ಹಿಂದೆಯೂ ಆರನೆಯ ಶತಮಾನದ ತತ್ತ್ವಜ್ಞ ಬೊಯೀಥಿಯಸ್ ಇದ್ದಾನೆ. ಅವನ ಪ್ರಕಾರ ದೇವರಿಗೆ ಹಿಂದು ಮುಂದುಗಳಿಲ್ಲ, ಕಾಲವೆಲ್ಲ ಅವನ ಮುಂದೆ ಒಟ್ಟಿಗೇ ಇದೆ.

ಕನ್ನಡಿಗರಿಗೆ ಡಮ್ಮೆಟ್‌ನ ನಿದರ್ಶನದ ತಂದೆ ಅಪರಿಚಿತನಲ್ಲ. ಎಸ್‌ಎಸ್‌ಎಲ್‌ಸಿ ಫಲಿತಾಂಶದ ಬೆಳಿಗ್ಗೆ ದೇವರ ಮುಂದೆ ದೀಪ ಹಚ್ಚದ ಮನೆ ಕಡಿಮೆ. ಉತ್ತರಪತ್ರಿಕೆ ತಿದ್ದಿಯಾಗಿದೆ, ಅಂಕ ಕಂಪ್ಯೂಟರಿಗೆ ಸೇರಿದೆ, ಆದರೂ ‘ಪಾಸಾದರೆ ಧರ್ಮಸ್ಥಳಕ್ಕೆ ಬರುತ್ತೇವೆ’ ಎಂಬ ಹರಕೆ ಆಗಲೂ ಏಳುತ್ತದೆ. ಅದನ್ನು ಯಾರೂ ಮೂರ್ಖತನ ಎನ್ನುವುದಿಲ್ಲ, ಮಿಶ್ನಾದ ನಿಯಮವನ್ನು ಇಲ್ಲಿ ಯಾರೂ ಎತ್ತುವುದೂ ಇಲ್ಲ. ಹರಕೆಯ ಕಟ್ಟೋಣವೇ ಅಂಥದ್ದು: ‘ಆದರೆ ಕೊಡುತ್ತೇನೆ’ ಎಂಬ ಮಾತು ನಿಲ್ಲಲು ಫಲ ಮುಂದೆ ಬರುವಂಥದ್ದೇ ಆಗಿರಬೇಕೆಂದಿಲ್ಲ, ಕಟ್ಟಿಕೊಂಡವನಿಗೆ ತಿಳಿಯದಿದ್ದರೆ ಸಾಕು.

ದರ್ಶನಗಳ ಮಟ್ಟದಲ್ಲಿ ಸಂಗತಿ ಇಷ್ಟು ಸಲೀಸಲ್ಲ. ಫಲ ಕೊಡತೊಡಗಿರುವ ಪ್ರಾರಬ್ಧ ಕರ್ಮವನ್ನು ಅದ್ವೈತಿಗಳು ಬಿಲ್ಲಿನಿಂದ ಹೊರಟ ಬಾಣಕ್ಕೆ ಹೋಲಿಸುತ್ತಾರೆ. ವೇಗ ತೀರುವವರೆಗೂ ಅದು ಸಾಗಲೇಬೇಕು. ಒದ್ದ ಚೆಂಡೂ ಹಾಗೆಯೇ ಎನ್ನುವುದಾದರೆ ಕಾಲು ತಾಗಿದ ಮರುಗಳಿಗೆಯ ಪ್ರಾರ್ಥನೆಗೂ ಅರ್ಧ ನಿಮಿಷ ತಡವಾದದ್ದಕ್ಕೂ ವ್ಯತ್ಯಾಸವಿಲ್ಲ, ಎರಡೂ ತಡವೇ. ಮಧ್ವರ ದ್ವೈತದಲ್ಲಿ ವಿಷ್ಣುವೊಬ್ಬನೇ ಸ್ವತಂತ್ರ, ಚೆಂಡು, ಗಾಳಿ, ಒದ್ದವನ ಕಾಲು, ಬೇಡುವವನ ಬಯಕೆ ಎಲ್ಲವೂ ಪರತಂತ್ರ. ಹಾಗಾದರೆ ಪ್ರಾರ್ಥನೆ ದೇವರ ಮನಸ್ಸನ್ನು ತಿರುಗಿಸುವ ಉಪಾಯವಾಗಲಾರದು, ಮುಂಚೆಯಾದರೂ ಅಷ್ಟೆ, ಆಮೇಲಾದರೂ ಅಷ್ಟೆ. ಫೋನು ಹೊಸ ತೊಡಕನ್ನೇನೂ ತಂದಿಲ್ಲ. ಸರ್ವಜ್ಞ ದೇವರಿಗೆ ಸಲ್ಲುವ ಪ್ರತಿ ಬೇಡಿಕೆಯಲ್ಲೂ ಇದ್ದ ತೊಡಕನ್ನು ಸೆಕೆಂಡುಗಳಲ್ಲಿ ಅಳೆದು ತೋರಿಸಿದೆ, ಅಷ್ಟೆ.

ಭಗವದ್ಗೀತೆ ಭಕ್ತರಲ್ಲಿ ಆರ್ತನನ್ನೂ ಅರ್ಥಾರ್ಥಿಯನ್ನೂ ಬೇರೆಬೇರೆಯಾಗಿ ಎಣಿಸುತ್ತದೆ. ಗೆಲುವು ಬೇಡುವವನು ಅರ್ಥಾರ್ಥಿ. ಎದುರಾಳಿ ತಂಡದ ಊರಾದ ಸಿಯಾಟಲ್‌ನಲ್ಲಿ ಇನ್ನೊಬ್ಬ ಅಭಿಮಾನಿಯೂ ಅದೇ ಹೊತ್ತಿಗೆ ತನ್ನ ತಂಡಕ್ಕಾಗಿ ಬೇಡುತ್ತಿರುತ್ತಾನೆ. ಸಂಕಟದಲ್ಲಿ ಮೊರೆಯಿಡುವ ಆರ್ತನ ಪ್ರಾರ್ಥನೆಗೆ ಎದುರಾಳಿಯಿಲ್ಲ. 2023ರ ಜನವರಿ 2ರಂದು ಸಿನ್ಸಿನಾಟಿಯ ಮೈದಾನದಲ್ಲಿ ಬಫಲೊ ತಂಡದ ಡಮಾರ್ ಹ್ಯಾಮ್ಲಿನ್ ಹೃದಯ ನಿಂತು ಕುಸಿದಾಗ ಎರಡೂ ತಂಡದವರು ಮಂಡಿಯೂರಿದರು, ಪಂದ್ಯ ನಿಂತಿತು. ಅವನ ಪ್ರಾಣದ ತೀರ್ಮಾನ ದಿನಗಟ್ಟಲೆ ತೆರೆದೇ ಇತ್ತು, ಆದ್ದರಿಂದ ಅರ್ಧ ನಿಮಿಷ ತಡವಾಗಿ ಕೇಳಿ ಕೈಮುಗಿದವನ ಪ್ರಾರ್ಥನೆಯನ್ನು ಮಿಶ್ನಾದ ಪಂಡಿತನೂ ವ್ಯರ್ಥ ಎನ್ನುತ್ತಿರಲಿಲ್ಲ. ಹ್ಯಾಮ್ಲಿನ್ ಬದುಕಿ, ಅದೇ ವರ್ಷ ಮತ್ತೆ ಮೈದಾನಕ್ಕಿಳಿದ.

ಅರ್ಥಾರ್ಥಿಯ ಪ್ರಶ್ನೆ ಹಾಗೆಯೇ ಉಳಿಯುತ್ತದೆ, ಫೋನು ಅದಕ್ಕೊಂದು ತಿರುವು ಕೊಡುತ್ತದೆ. ಅದೇ ಫೋನಿನ ಸ್ಕೋರ್ ಆ್ಯಪ್ ಕಳಿಸುವ ಸೂಚನೆ ಎಷ್ಟೋ ಸಲ ವಿವರಣೆಗಾರನ ದನಿಗಿಂತ ಮೊದಲೇ ಬಂದಿಳಿಯುತ್ತದೆ. ಪಕ್ಕದ ಮನೆಯವರು ಆಂಟೆನಾ ಹಾಕಿ ಟೀವಿ ನೋಡುವವರಾದರೆ ಗೋಡೆಯಾಚೆಯ ಕೂಗು ಇನ್ನೂ ಮೊದಲು. ಆದ್ದರಿಂದ ಬಲ್ಲ ಕೇಳುಗರು ಆಟಕ್ಕೆ ಮುನ್ನ ಸೂಚನೆಗಳನ್ನು ಬಂದ್ ಮಾಡಿಕೊಳ್ಳುತ್ತಾರೆ. ಡಮ್ಮೆಟ್‌ನ ತಂದೆಗೆ ತಿಳಿಯುವ ದಾರಿ ಇರಲಿಲ್ಲ, ಫಲಿತಾಂಶದ ಬೆಳಿಗ್ಗೆ ಹರಕೆ ಹೊತ್ತವರಿಗೂ ಇರಲಿಲ್ಲ. ಫೋನು ಹಿಡಿದವನಿಗೆ ದಾರಿ ಒಂದು ಬೆರಳಿನಷ್ಟು ದೂರದಲ್ಲಿದೆ, ಅವನೇ ಅದನ್ನು ಮುಚ್ಚಿದ್ದಾನೆ. ಲೂಯಿಸ್‌ನ ಷರತ್ತನ್ನು ಅಕ್ಷರಶಃ ಹಿಡಿದರೆ ಅವನೂ ಪಾರಾಗುತ್ತಾನೆ, ಏಕೆಂದರೆ ಅವನಿಗಿನ್ನೂ ತಿಳಿದಿಲ್ಲ. ಆದರೆ ಬೇಕೆಂದೇ ಕಾಪಾಡಿಕೊಂಡ ಅಜ್ಞಾನದ ಮೇಲೆ ಕಟ್ಟಿದ ಬೇಡಿಕೆ, ಬೇರೆ ಗತಿಯಿಲ್ಲದೆ ಇಟ್ಟ ಮೊರೆಗೆ ಸಮವೆನ್ನುವುದು ಕಷ್ಟ. ಭಾನುವಾರದ ಪಂದ್ಯದ ಧ್ವನಿಮುದ್ರಣವನ್ನು ಫಲಿತಾಂಶ ತಪ್ಪಿಸಿಕೊಂಡು ಸೋಮವಾರ ಕ್ಯಾಲ್‌ಟ್ರೇನ್ ರೈಲಿನಲ್ಲಿ ಕೇಳುವವನು ಕುತೂಹಲದಿಂದ ಕೇಳುತ್ತಾನೆ, ಹರಕೆ ಹೊರುವುದಿಲ್ಲ. ತರ್ಕದ ದೃಷ್ಟಿಯಿಂದ ಅವನಿಗೂ ನೇರ ಪ್ರಸಾರದವನಿಗೂ ಇರುವ ಅಂತರ ಗಂಟೆ ಸೆಕೆಂಡುಗಳ ಲೆಕ್ಕದ್ದು ಮಾತ್ರ. ನೇರ ಪ್ರಸಾರದವನ ಬಾಯಲ್ಲಿ ದೇವರ ಹೆಸರು ಬರುವುದು ಸಾವಿರಾರು ಜನ ಅದೇ ತಡದಲ್ಲಿ, ಅದೇ ಉಸಿರು ಬಿಗಿಹಿಡಿದು ಕೇಳುತ್ತಿದ್ದಾರೆಂಬ ಭಾವದಿಂದ. ಆ ‘ದೇವರೇ’ ಎಂಬುದರಲ್ಲಿ ಬೇಡಿಕೆಗಿಂತ ಕೂಟದ ಪಾಲೇ ಹೆಚ್ಚು; ಕೀರ್ತನೆಯ ಪಲ್ಲವಿಗೆ ದನಿಗೂಡಿಸುವವರನ್ನು ಹೇಗೋ ಹಾಗೆ, ಇದನ್ನೂ ಫಲ ಕೊಟ್ಟಿತೇ ಎಂದು ಯಾರೂ ಕೇಳುವುದಿಲ್ಲ.